ಮಾರುತಿ 800: ಒಂದನೇ ಗೇರ್ ಹಾಕಿದರೆ ಮೂರನೇದು ಬೀಳುತ್ತಿದೆ, ಗೇರ್ ಬಾಕ್ಸ್ ಇಳಿಸಲೇಬೇಕಾ?

ಉಣಕಲ್ 800

ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ 1996ರ ಮಾರುತಿ 800 ಇದೆ. ನಾಲ್ಕು ಗೇರಿನದು, ಕಾರ್ಬ್ಯುರೇಟರ್ ಮಾಡೆಲ್. ಅಪ್ಪ ಹೊಸದರಲ್ಲಿ ತಗೊಂಡ ಗಾಡಿ, ಈಗಲೂ ಅವರೇ ಓಡಿಸುತ್ತಾರೆ. ಆರ್‌ಸಿ ಮತ್ತೆ 5 ವರ್ಷಕ್ಕೆ ಮಾಡಿಸಿದ್ದೇವೆ, ಹಾಗಾಗಿ ಮಾರುವ ಮಾತೇ ಇಲ್ಲ. ಎಂಜಿನ್ ಚೆನ್ನಾಗಿದೆ, ಬೆಳಗ್ಗೆ ಒಂದೇ ಸೆಲ್ಫ್‌ಗೆ ಚಾಲೂ ಆಗುತ್ತದೆ.

ತೊಂದರೆ ಇರುವುದು ಗೇರಿನಲ್ಲಿ. ನ್ಯೂಟ್ರಲ್‌ನಲ್ಲಿ ಲಿವರ್ ಹಿಡಿದು ಅಲ್ಲಾಡಿಸಿದರೆ ಎತ್ತ ಬೇಕಾದರೂ ವಾಲುತ್ತದೆ. ಹೊಸೂರು ಸರ್ಕಲ್ ಸಿಗ್ನಲ್ಲಿನಲ್ಲಿ ಒಂದನೇ ಗೇರ್ ಅಂತ ಹಾಕಿದರೆ ಮೂರನೇದು ಬಿದ್ದಿರುತ್ತದೆ. ಗಾಡಿ ಜಗ್ಗಿ ಬಂದ್ ಆಗುತ್ತದೆ. ರಿವರ್ಸ್ ಒಂದೇ ಸಲಕ್ಕೆ ಸಿಗುವುದಿಲ್ಲ, ಹುಡುಕಬೇಕು. 50ರ ಮೇಲೆ ಹೋದರೆ ಲಿವರ್ ಜರ್ ಅಂತ ಅದುರುತ್ತದೆ. ಒಂದು ಗ್ಯಾರೇಜಿನಲ್ಲಿ ತೋರಿಸಿದೆ. ಒಂದು ಸುತ್ತು ಓಡಿಸಿ ನೋಡಿ, ಗೇರ್ ಬಾಕ್ಸ್ ಇಳಿಸಬೇಕು, ಒಳಗೆ ಹಲ್ಲು ಹೋಗಿವೆ ಅಂದರು. ಹೇಳಿದ ಖರ್ಚು ಕೇಳಿ ಅಪ್ಪ ಸುಮ್ಮನಾಗಿಬಿಟ್ಟರು. ಬಾಕ್ಸ್ ಬಿಚ್ಚುವ ಮೊದಲು ನಾವೇ ನೋಡಬಹುದಾದ್ದು ಏನಾದರೂ ಇದೆಯಾ?

ಗೋಕುಲ ರೋಡ್ ಮಿಸ್ತ್ರಿ

ತಡೀರಿ, ಬಾಕ್ಸ್ ಇಳಿಸಬೇಡಿ. ನೀವು ಹೇಳಿದ ಲಕ್ಷಣ ನೋಡಿದರೆ ಬಾಕ್ಸಿನ ಹೊರಗಿನದೇ ಅನ್ನಿಸುತ್ತದೆ. ಆದರೆ ಅನ್ನಿಸುವುದರ ಮೇಲೆ ಕೆಲಸ ಮಾಡುವುದು ಬೇಡ, ಮೊದಲು ಪರೀಕ್ಷೆ.

ಎಂಜಿನ್ ಬಂದ್ ಮಾಡಿ. ಹ್ಯಾಂಡ್ ಬ್ರೇಕ್ ಎಳೆಯಿರಿ. ಕ್ಲಚ್ ಒತ್ತಿ ನಾಲ್ಕೂ ಗೇರ್ ಮತ್ತು ರಿವರ್ಸ್ ನಿಧಾನವಾಗಿ ಹಾಕಿ ನೋಡಿ. ಒಂದೆರಡು ಸಲ ರಿವರ್ಸ್ ಬೀಳದಿದ್ದರೆ ಗಾಡಿಯನ್ನು ಸ್ವಲ್ಪ ದೂಡಿ ಮತ್ತೆ ಹಾಕಿ. ಒಳಗೆ ಹಲ್ಲಿಗೆ ಹಲ್ಲು ಎದುರಾಗಿ ನಿಂತಿದ್ದರೆ ಸರಿಯಾದ ಗಾಡಿಯಲ್ಲೂ ಬೀಳುವುದಿಲ್ಲ.

ಬಂದ್ ಇದ್ದಾಗ ಎಲ್ಲ ಗೇರ್ ಬೆಣ್ಣೆಯ ಹಾಗೆ ಬಿದ್ದು, ಚಾಲೂ ಮಾಡಿದ ಮೇಲೆ ಮಾತ್ರ ಒರಟಾದರೆ ಕ್ಲಚ್ ಪೂರ್ತಿ ಬಿಡುತ್ತಿಲ್ಲ ಅಂತ ಅರ್ಥ. ಬಂದ್ ಇದ್ದಾಗಲೂ ಗೇರ್ ಎಲ್ಲಿದೆ ಅಂತ ಕೈಗೆ ಗೊತ್ತಾಗದಿದ್ದರೆ ಲಿವರ್‌ನಿಂದ ಬಾಕ್ಸ್‌ವರೆಗಿನ ರಾಡು, ಬುಷ್ (ಸಂದಿನಲ್ಲಿ ಪಿನ್ ಸುತ್ತ ಕೂರುವ ಬಳೆ), ಪಿನ್ ನೋಡಬೇಕು. ಒಳಗಿನ ಸಿಂಕ್ರೊ, ಅಂದರೆ ಗೇರ್ ಬೀಳುವ ಮೊದಲು ಚಕ್ರಗಳ ವೇಗ ಸಮ ಮಾಡುವ ಹಿತ್ತಾಳೆ ಉಂಗುರ, ಹೋಗಿದ್ದರೆ ಲಿವರ್ ಲೂಸ್ ಆಗುವುದಿಲ್ಲ. ಓಡುತ್ತಿರುವಾಗ ಆ ಒಂದು ಗೇರಿಗೆ ಮಾತ್ರ ಕರ್ ಅನ್ನುತ್ತದೆ, ಅಷ್ಟೇ. ಲಿವರ್ ವಾಲಾಡುವುದಕ್ಕೂ ಸಿಂಕ್ರೊಗೂ ಸಂಬಂಧ ಇಲ್ಲ.

ಜರ್ ಶಬ್ದಕ್ಕೂ ಒಂದು ಪರೀಕ್ಷೆ ಇದೆ. ಅದುರುವಾಗ ಲಿವರ್ ಮೇಲೆ ಒಂದು ಕ್ಷಣ ಕೈ ಒತ್ತಿ ಹಿಡಿಯಿರಿ. ಶಬ್ದ ನಿಂತರೆ ಬುಷ್ ಹೋಗಿ ಕಬ್ಬಿಣಕ್ಕೆ ಕಬ್ಬಿಣ ಬಡಿಯುತ್ತಿದೆ.

ಉಣಕಲ್ 800

ಮಿಸ್ತ್ರಿಯವರೇ, ನೋಡಿದೆ. ಬಂದ್ ಇದ್ದಾಗಲೂ ಹಾಗೇ ಇದೆ, ಒಂದನೇದು ಮೂರನೇದು ಗೊತ್ತೇ ಆಗುವುದಿಲ್ಲ. ಆದರೆ ಬೀಳುವಾಗ ಯಾವುದೂ ಬಿಗಿ ಇಲ್ಲ. ಕೈ ಒತ್ತಿದರೆ ಶಬ್ದ ಪೂರ್ತಿ ನಿಲ್ಲುತ್ತದೆ.

ಕೇಶ್ವಾಪುರ ಪದ್ಮಿನಿ

ನನ್ನದು ಪದ್ಮಿನಿ, 1089 ಸಿಸಿ, ಹ್ಯಾಂಡ್ ಗೇರ್. ಸ್ಟೇರಿಂಗ್ ಪಕ್ಕದಲ್ಲೇ ಗೇರ್ ಇರುವ ಗಾಡಿಯಲ್ಲಿ ಲಿವರ್‌ನಿಂದ ಬಾಕ್ಸ್‌ವರೆಗೆ ದಾರಿ ಉದ್ದ, ಸಂದುಗಳು ಜಾಸ್ತಿ. ಒಂದೊಂದು ಸಂದಿನಲ್ಲಿ ಕೂದಲೆಳೆಯಷ್ಟು ಸವೆದರೂ ಎಲ್ಲ ಸೇರಿ ಕೈಗೆ ಬರುವಾಗ ಅಂಗೈ ಅಗಲ ಆಗಿರುತ್ತದೆ. ಹಾಗಾಗಿ ಈ ರೋಗ ನನಗೆ ಚೆನ್ನಾಗಿ ಗೊತ್ತು.

ಆದರೂ ತಮ್ಮಾ, ಕ್ಲಚ್ ಕೂಡ ನೋಡಿಕೋ. 800ರಲ್ಲಿ ಕ್ಲಚ್‌ಗೆ ಕೇಬಲ್ ಇರುತ್ತದೆ, ಕೇಬಲ್ ಎಳೆದು ಎಳೆದು ಉದ್ದ ಆಗುತ್ತದೆ. ಚಾಲೂ ಇಟ್ಟು ಕ್ಲಚ್ ಪೂರ್ತಿ ಒತ್ತಿ ಹಿಡಿ, ನಿಧಾನಕ್ಕೆ ಐದು ಎಣಿಸು, ಆಮೇಲೆ ರಿವರ್ಸ್ ಹಾಕು. ರಿವರ್ಸ್‌ಗೆ ಸಿಂಕ್ರೊ ಇರುವುದಿಲ್ಲ. ಒಳಗಿನ ಚಕ್ರ ನಿಂತಿದ್ದರೆ ಸುಮ್ಮನೆ ಬೀಳುತ್ತದೆ, ತಿರುಗುತ್ತಿದ್ದರೆ ಕರಕರ ಅನ್ನುತ್ತದೆ. ಎಣಿಸಿದ ಮೇಲೂ ಕರಕರ ಅಂದರೆ ಕ್ಲಚ್ ಬಿಡುತ್ತಿಲ್ಲ. ಬುಷ್ ಹಾಕಿಸಿದರೂ ಅದು ಹೋಗುವುದಿಲ್ಲ.

ಗೋಕುಲ ರೋಡ್ ಮಿಸ್ತ್ರಿ

ಕಾಕಾ ಹೇಳಿದ್ದು ಸರಿ. ಎರಡೂ ಒಟ್ಟಿಗೆ ಇರುವ ಗಾಡಿಗಳು ಬರುತ್ತವೆ. ಕ್ಲಚ್ ಕೇಬಲ್ಲಿನ ಬಾಕ್ಸ್ ಕಡೆ ತುದಿಯಲ್ಲಿ ನಟ್ ಇದೆ, ಅಲ್ಲೇ ಅಡ್ಜಸ್ಟ್ ಆಗುತ್ತದೆ. ಪೆಡಲ್ ಮೇಲಿಂದ ಒತ್ತುವಾಗ ಮೊದಲು ಸ್ವಲ್ಪ ದೂರ ಹಗುರವಾಗಿ ಇಳಿಯಬೇಕು, ಆಮೇಲೆ ಭಾರ ಸಿಗಬೇಕು. ಆ ಹಗುರ ಪೂರ್ತಿ ತೆಗೆದುಬಿಟ್ಟರೆ ಕ್ಲಚ್ ಒತ್ತುವ ಬೇರಿಂಗ್ ಯಾವಾಗಲೂ ಒತ್ತಿಕೊಂಡೇ ಇದ್ದು ಬೇಗ ಹೋಗುತ್ತದೆ.

ಈಗ 800ರ ಗೇರ್ ರಾಡಿನ ವಿಷಯ. ಇದು ಗೊತ್ತಿದ್ದರೆ ಲಕ್ಷಣ ನೋಡಿಯೇ ಎಲ್ಲಿ ಸವೆದಿದೆ ಅಂತ ಹೇಳಬಹುದು. ಈ ಗಾಡಿಯಲ್ಲಿ ಎಂಜಿನ್ ಮುಂದೆ ಅಡ್ಡ ಕೂತಿದೆ, ಬಾಕ್ಸ್ ಅದರ ಪಕ್ಕ. ಲಿವರ್ ನಿಮ್ಮ ಸೀಟಿನ ಪಕ್ಕ. ನಡುವೆ ನೆಲದ ಕೆಳಗೆ ಎರಡು ರಾಡು ಹೋಗುತ್ತವೆ. ಒಂದು ಗೇರ್ ಹಾಕುವ ರಾಡು. ಇನ್ನೊಂದು ಎಕ್ಸ್‌ಟೆನ್ಷನ್ ರಾಡು. ಎಂಜಿನ್ ಅಲ್ಲಾಡಿದಾಗ ಲಿವರಿನ ಬುಡವೂ ಜೊತೆಗೇ ಅಲ್ಲಾಡಲಿ ಅಂತ ಎಕ್ಸ್‌ಟೆನ್ಷನ್ ರಾಡು ಅದನ್ನು ಬಾಕ್ಸಿಗೆ ಕಟ್ಟಿ ಹಿಡಿದಿರುತ್ತದೆ. ಅದಿಲ್ಲದಿದ್ದರೆ ಆಕ್ಸಿಲರೇಟರ್ ಕೊಟ್ಟಾಗಲೆಲ್ಲ ಎಂಜಿನ್ ಮಗುಚಿ ಗೇರ್ ಎಳೆದುಕೊಂಡುಬಿಡುತ್ತಿತ್ತು.

ಗೇರ್ ಹಾಕುವ ರಾಡು ಒಂದೇ, ಆದರೆ ಅದು ಎರಡು ಕೆಲಸ ಮಾಡುತ್ತದೆ. ಲಿವರನ್ನು ಎಡಬಲ ಸರಿಸಿದರೆ ರಾಡು ತಿರುಗುತ್ತದೆ, ಅಂದರೆ ಒಂದು-ಎರಡರ ಸಾಲೋ ಮೂರು-ನಾಲ್ಕರ ಸಾಲೋ ಅಂತ ಆರಿಸುತ್ತದೆ. ಹಿಂದೆ ಮುಂದೆ ಮಾಡಿದರೆ ರಾಡು ಉದ್ದಕ್ಕೆ ಸರಿಯುತ್ತದೆ, ಗೇರ್ ಬೀಳುತ್ತದೆ.

ಸಂದು ಸವೆದು ತಿರುವು ಬಾಕ್ಸ್ ತಲುಪದೆ ಸೋರಿಹೋದರೆ ಸಾಲು ತಪ್ಪುತ್ತದೆ. ಒಂದು ಕೇಳಿದರೆ ಮೂರು ಬರುವುದು ಅದಕ್ಕೇ. ರಿವರ್ಸ್ ತುದಿಯ ಸಾಲಿನಲ್ಲಿರುತ್ತದೆ, ಅದಕ್ಕೆ ಎಲ್ಲಕ್ಕಿಂತ ಜಾಸ್ತಿ ತಿರುವು ಬೇಕು, ಹಾಗಾಗಿ ಮೊದಲು ಕೈಕೊಡುವುದೇ ರಿವರ್ಸ್. ಉದ್ದದ ಸರಿತ ಸೋರಿಹೋದರೆ ಸಾಲು ಸರಿ ಸಿಗುತ್ತದೆ, ಆದರೆ ಗೇರ್ ಅರ್ಧ ಮಾತ್ರ ಕೂರುತ್ತದೆ. ಆಕ್ಸಿಲರೇಟರ್ ಬಿಟ್ಟ ಕೂಡಲೇ ಹೊರಗೆ ಹಾರುತ್ತದೆ. ಹೀಗೇ ಅರ್ಧ ಗೇರಿನಲ್ಲಿ ಓಡಿಸುತ್ತಾ ಹೋದರೆ ಒಳಗಿನ ಹಲ್ಲಿನ ಮೂಲೆ ಉರುಟಾಗಿ, ಆಗ ನಿಜವಾಗಿಯೂ ಬಾಕ್ಸ್ ಇಳಿಸಬೇಕಾಗುತ್ತದೆ.

ನಿಮ್ಮದು ತಿರುವಿನ ತೊಂದರೆ. ಬಾಕ್ಸ್ ಹತ್ತಿರ ರಾಡು ಸೇರುವ ಸಂದು ಮೊದಲು ನೋಡಿ, ಆಮೇಲೆ ಲಿವರ್ ಬುಡದ ಪ್ಲಾಸ್ಟಿಕ್ ಸೀಟು.

ಸಪ್ತಾಪುರ ಟೀಚರ್

ಮಿಸ್ತ್ರಿಯವರ ಮಾತಿಗೆ ಒಂದು ಸೇರಿಸುತ್ತೇನೆ. ಗೇರ್ ಹೊರಗೆ ಹಾರುವುದು ಯಾವಾಗಲೂ ಬುಷ್‌ನಿಂದಲೇ ಅಲ್ಲ. ನನ್ನ 800ರಲ್ಲಿ ಬುಷ್ ಎಲ್ಲ ಹೊಸದು ಹಾಕಿದ ಮೇಲೂ ಇಳಿಜಾರಿನಲ್ಲಿ ಆಕ್ಸಿಲರೇಟರ್ ಬಿಟ್ಟರೆ ಮೂರನೇದು ಹಾರುತ್ತಿತ್ತು. ಧಾರವಾಡದಲ್ಲಿ ಏರು ಇಳಿವು ತಪ್ಪುವುದಿಲ್ಲವಲ್ಲ, ದಿನಾ ಅನುಭವಿಸಿದ್ದೇನೆ. ಕೊನೆಗೆ ಸಿಕ್ಕಿದ್ದು ಎಂಜಿನ್ ಮೌಂಟಿಂಗ್, ಅಂದರೆ ಎಂಜಿನ್ನನ್ನು ಗಾಡಿಗೆ ಹಿಡಿದಿಡುವ ರಬ್ಬರ್ ಕಟ್ಟು. ರಬ್ಬರ್ ಕಬ್ಬಿಣದಿಂದ ಬಿಟ್ಟುಕೊಂಡಿತ್ತು, ಮೇಲಿಂದ ನೋಡಿದರೆ ಸರಿಯಾಗಿಯೇ ಕಾಣುತ್ತಿತ್ತು.

ನೋಡುವುದು ಹೀಗೆ: ಬಾನೆಟ್ ತೆಗೆದು, ಒಬ್ಬರು ಒಳಗೆ ಕೂತು ಬ್ರೇಕ್ ಗಟ್ಟಿ ಒತ್ತಿ, ಒಂದನೇ ಗೇರಿನಲ್ಲಿ ಕ್ಲಚ್ ಸ್ವಲ್ಪವೇ ಬಿಡಬೇಕು. ಆಮೇಲೆ ರಿವರ್ಸ್‌ನಲ್ಲೂ ಹಾಗೇ. ಎಂಜಿನ್ ಸ್ವಲ್ಪ ವಾಲುವುದು ಸಹಜ. ಎದ್ದು ಬಡಿದುಕೊಂಡರೆ ಮೌಂಟಿಂಗ್ ಹೋಗಿದೆ. ನೋಡುವವರು ಗಾಡಿಯ ಪಕ್ಕ ನಿಲ್ಲಬೇಕು, ಎದುರು ಬೇಡ, ದಯವಿಟ್ಟು.

ಲಿವರಿನ ರಬ್ಬರ್ ಬೂಟೂ ನೋಡಿ. ಹಳೆಯದಾಗಿ ಗಟ್ಟಿಯಾಗಿದ್ದರೆ ಅದೇ ಲಿವರನ್ನು ಹಿಂದಕ್ಕೆ ನೂಕುತ್ತದೆ. ಬೂಟು ಮೇಲಕ್ಕೆತ್ತಿ ಓಡಿಸಿ ನೋಡಿದರೆ ತಿಳಿಯುತ್ತದೆ.

ಅಣ್ಣಿಗೇರಿ ಎರಿಹೊಲ

ನಮ್ಮ ಕಡೆಯವರಿಗೆ ಈ ಬುಷ್ ಬೇಗ ಹೋಗುವುದಕ್ಕೆ ಬೇರೆಯದೇ ಕಾರಣ ಇದೆ. ಎರೆಮಣ್ಣು. ಅಣ್ಣಿಗೇರಿ, ನವಲಗುಂದ ಕಡೆ ಮಳೆಗಾಲದಲ್ಲಿ ಹೊಲದ ದಾರಿಗೆ ಒಂದು ಸಲ ಇಳಿದರೆ ಸಾಕು, ಗಾಡಿಯ ಹೊಟ್ಟೆಗೆಲ್ಲ ಮೆತ್ತಿಕೊಳ್ಳುತ್ತದೆ. ಒಣಗಿದ ಮೇಲೆ ಕಲ್ಲಾಗುತ್ತದೆ. ಆ ಗಟ್ಟಿ ಮಣ್ಣು ರಾಡಿನ ಸಂದಿನಲ್ಲಿ ಕೂತು, ಪ್ರತಿ ಸಲ ಗೇರ್ ಹಾಕಿದಾಗಲೂ ಬುಷ್ ತಿನ್ನುತ್ತದೆ. ಕೆಲವು ಸಲ ಬುಷ್ ಸರಿಯೇ ಇರುತ್ತದೆ, ಮಣ್ಣಿನ ಗಡ್ಡೆ ರಾಡಿಗೆ ಅಡ್ಡ ನಿಂತು ಗೇರ್ ಪೂರ್ತಿ ಹೋಗಲು ಬಿಡುವುದಿಲ್ಲ.

ಹಾಗಾಗಿ ಬಿಚ್ಚುವ ಮೊದಲು ಕೆಳಗೆ ಚೆನ್ನಾಗಿ ತೊಳೆಸಿ. ತೊಳೆದ ಮೇಲೆ ನೋಡಿದರೆ ಯಾವುದು ಸವೆದಿದೆ ಅಂತ ಕಣ್ಣಿಗೇ ಕಾಣುತ್ತದೆ. ಕಡಲೆ, ಜೋಳ ಹಾಕುವ ಹೊತ್ತಿನಲ್ಲಿ ನಮ್ಮ ಗಾಡಿ ದಿನಾ ಹೊಲಕ್ಕೆ ಹೋಗುತ್ತದೆ, ಸುಗ್ಗಿ ಮುಗಿದ ಮೇಲೆ ಕೆಳಗೆ ತೊಳೆಸಿ ಸಂದು ನೋಡುವುದನ್ನು ತಪ್ಪಿಸುವುದಿಲ್ಲ.

ಉಣಕಲ್ 800

ಇಷ್ಟು ವಿವರವಾಗಿ ಹೇಳಿದ ಎಲ್ಲರಿಗೂ ತುಂಬಾ ಧನ್ಯವಾದ. ಕ್ಲಚ್ ಪರೀಕ್ಷೆ ಮಾಡಿದೆ. ಸರಿಯಾದ ಸಾಲು ಸಿಕ್ಕಿದಾಗ ರಿವರ್ಸ್ ಶಬ್ದವಿಲ್ಲದೆ ಬೀಳುತ್ತದೆ, ಅಂದರೆ ಕ್ಲಚ್ ಬಿಡುತ್ತಿದೆ. ಮೌಂಟಿಂಗ್ ಸಹ ಗಟ್ಟಿ ಇದೆ. ಕೆಳಗೆ ಹೋಗಿ ನೋಡಬೇಕು. ನಾನೇ ಹೋಗಬಹುದಾ?

ಗೋಕುಲ ರೋಡ್ ಮಿಸ್ತ್ರಿ

ಹೋಗಬಹುದು, ಆದರೆ ಬರೀ ಜ್ಯಾಕಿನ ಮೇಲೆ ನಿಂತ ಗಾಡಿಯ ಕೆಳಗೆ ಯಾವ ಕಾರಣಕ್ಕೂ ಹೋಗಬೇಡಿ. ಸಮ ನೆಲ, ಎರಡು ಗಟ್ಟಿ ಸ್ಟ್ಯಾಂಡ್, ಹಿಂದಿನ ಗಾಲಿಗಳಿಗೆ ಹಿಂದೆ ಮುಂದೆ ಕಲ್ಲು. ಇಟ್ಟಿಗೆ ಬೇಡ, ಒಡೆಯುತ್ತದೆ. ಇನ್ನೊಂದು ವಿಷಯ ಬಹಳ ಜನರಿಗೆ ಹೊಳೆಯುವುದಿಲ್ಲ. ರಾಡು ಬಿಚ್ಚಿದ ಮೇಲೆ ಲಿವರ್ ಒಂದನೇ ಗೇರಿನಲ್ಲಿದ್ದರೂ ಬಾಕ್ಸ್ ನ್ಯೂಟ್ರಲ್‌ನಲ್ಲಿರಬಹುದು. ಗೇರಿನಲ್ಲಿ ನಿಲ್ಲಿಸಿದ್ದೇನೆ ಅಂತ ನಂಬುವ ಹಾಗಿಲ್ಲ. ಕಲ್ಲು ಇಟ್ಟೇ ಇಡಿ. ಓಡಿಸಿ ಬಂದ ಕೂಡಲೇ ಕೆಳಗೆ ಹೋಗಬೇಡಿ, ಸೈಲೆನ್ಸರ್ ಪೈಪ್ ಸುಡುತ್ತದೆ.

ಎಂಜಿನ್ ಬಂದ್ ಇರಲಿ. ಅಪ್ಪನವರನ್ನು ಒಳಗೆ ಕೂರಿಸಿ. ಅವರು ಲಿವರನ್ನು ನಿಧಾನವಾಗಿ ಎಡಬಲ ಆಡಿಸಲಿ, ನೀವು ಬಾಕ್ಸ್ ಹತ್ತಿರದ ಸಂದಿನ ಮೇಲೆ ಎರಡು ಬೆರಳು ಇಟ್ಟುಕೊಂಡಿರಿ. ಒಂದು ಬೆರಳು ರಾಡಿನ ಮೇಲೆ, ಒಂದು ಬಾಕ್ಸಿನಿಂದ ಬರುವ ಶಾಫ್ಟ್ ಮೇಲೆ. ರಾಡು ತಿರುಗಿ ಶಾಫ್ಟ್ ಸುಮ್ಮನೆ ನಿಂತಿದ್ದರೆ ಕಳ್ಳ ಅಲ್ಲೇ ಇದ್ದಾನೆ. ಲಿವರ್ ಆಡಿದರೂ ರಾಡೇ ತಿರುಗದಿದ್ದರೆ ಲಿವರ್ ಬುಡ ನೋಡಿ.

ಗದಗ ಲೇಥ್

ಮೂವತ್ತು ವರ್ಷದ ಹತ್ತಿರದ ಗಾಡಿ ಅಂದಮೇಲೆ ಸಂದಿನ ಬೋಲ್ಟ್ ಜಂಗು ಹಿಡಿದಿರುತ್ತದೆ. ಹಿಂದಿನ ರಾತ್ರಿಯೇ ಜಂಗು ಸಡಿಲಿಸುವ ಡಬ್ಲ್ಯೂಡಿ-40 ಸ್ಪ್ರೇ ಹೊಡೆದು ಬಿಡಿ. ಸುತ್ತಿಗೆಯಿಂದ ಬೋಲ್ಟಿನ ತಲೆಗೆ ಮೇಲೆ ಮೇಲೆ ತಟ್ಟಿ, ಪಾನಾ ಹಾಕಿ ಮೊದಲು ಬಿಗಿಸುವ ಕಡೆಗೆ ಒಂದು ಸ್ವಲ್ಪ, ಆಮೇಲೆ ಬಿಚ್ಚುವ ಕಡೆಗೆ. ಬಾಕ್ಸಿನ ಶಾಫ್ಟ್ ಮೇಲೆ ಜೋರಾಗಿ ಹೊಡೆಯಬೇಡಿ, ಅದರ ಹಿಂದೆ ಆಯಿಲ್ ಸೀಲ್ ಇದೆ, ಸೋರಲು ಶುರುವಾಗುತ್ತದೆ.

ಬಿಚ್ಚಿದ ಮೇಲೆ ಬುಷ್ ಒಂದನ್ನೇ ನೋಡಿ ಅಂಗಡಿಗೆ ಓಡಬೇಡಿ. ಪಿನ್ ಮೇಲೆ ಉಗುರು ಎಳೆದು ನೋಡಿ. ಉಗುರು ಸಿಕ್ಕಿಕೊಂಡರೆ ಪಿನ್ ಸವೆದು ಮೆಟ್ಟಿಲು ಬಿದ್ದಿದೆ. ಮೆಟ್ಟಿಲು ಬಿದ್ದ ಪಿನ್ನಿಗೆ ಹೊಸ ಬುಷ್ ಹಾಕಿದರೆ ಸ್ವಲ್ಪ ದಿನದಲ್ಲೇ ಮತ್ತೆ ಅದೇ ಕತೆ. ರಾಡಿನ ತೂತೂ ನೋಡಿ, ಗುಂಡಗಿದೆಯೋ ಮೊಟ್ಟೆಯಾಕಾರ ಆಗಿದೆಯೋ ಅಂತ. ಫೋಟೋ ಹಾಕಿದರೆ ಹೇಳುತ್ತೇನೆ.

ಉಣಕಲ್ 800

ಭಾನುವಾರ ಬಿಚ್ಚಿದೆವು. ಮಿಸ್ತ್ರಿಯವರೇ, ನೀವು ಹೇಳಿದ ಜಾಗದಲ್ಲೇ ಇತ್ತು. ಅಪ್ಪ ಒಳಗೆ ಲಿವರ್ ಆಡಿಸುತ್ತಿದ್ದರೆ ಕೆಳಗೆ ರಾಡು ಅತ್ತಿತ್ತ ತಿರುಗುತ್ತಿತ್ತು, ಶಾಫ್ಟ್ ಕದಲುತ್ತಲೇ ಇರಲಿಲ್ಲ. ಅಪ್ಪನನ್ನೂ ಕೆಳಗೆ ಕರೆದು ತೋರಿಸಿದೆ.

ಬುಷ್ ಹೊರಗೆ ಬಂದಾಗ ಅರ್ಧ ಚಂದ್ರನ ಆಕಾರ ಆಗಿತ್ತು. ಒಂದು ಕಡೆ ಗೋಡೆ ಇದೆ, ಇನ್ನೊಂದು ಕಡೆ ಕಾಗದದಷ್ಟು ತೆಳು, ನಡುವೆ ಸೀಳು. ಇನ್ನೊಂದು ಬುಷ್ ಚೂರು ಚೂರಾಗಿ ಉದುರಿತು. ಪಿನ್ ಮೇಲೆ ಉಗುರು ಸಿಕ್ಕಿಕೊಳ್ಳುತ್ತದೆ. ಒಂದು ಪಕ್ಕ ಹೊಳೆಯುತ್ತಿದೆ, ಇನ್ನೊಂದು ಪಕ್ಕ ಹಳೆಯ ಕಪ್ಪು ಬಣ್ಣ ಹಾಗೇ ಇದೆ. ರಾಡಿನ ತೂತು ಸ್ವಲ್ಪ ಉದ್ದ ಆಗಿದೆ ಅನ್ನಿಸುತ್ತದೆ. ಲಿವರ್ ಬುಡದ ಪ್ಲಾಸ್ಟಿಕ್ ಸೀಟಿನಲ್ಲೂ ಬಿರುಕು. ಎಕ್ಸ್‌ಟೆನ್ಷನ್ ರಾಡಿನ ರಬ್ಬರ್ ಗಟ್ಟಿಯಾಗಿದೆ, ಹರಿದಿಲ್ಲ.

ಪರಿಚಯದವರೊಬ್ಬರು ಗನ್‌ಮೆಟಲ್ (ತಾಮ್ರದ ಮಿಶ್ರಲೋಹ) ಬುಷ್ ಮಾಡಿಸಿ ಹಾಕು, ಜೀವಮಾನ ಪೂರ್ತಿ ಬರುತ್ತದೆ ಅಂದರು. ಸರಿ ಅನ್ನಿಸುತ್ತದಾ?

ಗದಗ ಲೇಥ್

ಗನ್‌ಮೆಟಲ್ ಬೇಡ. ನಾನೇ ಲೇಥ್ ನಡೆಸುವವನು, ಮಾಡಿಕೊಟ್ಟರೆ ನನ್ನಂಥವರಿಗೇ ಕೆಲಸ. ಆದರೂ ಬೇಡ ಅನ್ನುತ್ತೇನೆ. ಗನ್‌ಮೆಟಲ್ ಬುಷ್ ಎಣ್ಣೆ ಬೇಡುತ್ತದೆ. ಗಾಡಿಯ ಹೊಟ್ಟೆಯ ಕೆಳಗೆ, ಧೂಳಿನಲ್ಲಿ, ಯಾರು ವಾರವಾರ ಎಣ್ಣೆ ಹಾಕುತ್ತಾರೆ? ಒಣಗಿದರೆ ಪಿನ್ ತಿನ್ನುತ್ತದೆ. ಮೇಲಾಗಿ ಎಂಜಿನ್ನಿನ ನಡುಕ ಪೂರ್ತಿ ನಿಮ್ಮ ಕೈಗೆ ಬರುತ್ತದೆ. ಮೂರು ಸಿಲಿಂಡರಿನ ಎಂಜಿನ್, ಐಡಲ್‌ನಲ್ಲೇ ನಡುಗುತ್ತದೆ, ಲಿವರ್ ದಿನವಿಡೀ ಗುಂಯ್ ಅನ್ನುತ್ತಿರುತ್ತದೆ.

ಮೊದಲ ಆಯ್ಕೆ ಯಾವಾಗಲೂ ಕಂಪನಿ ಬುಷ್ ಕಿಟ್ಟು ಮತ್ತು ಹೊಸ ಪಿನ್. ಸಿಗದಿದ್ದರೆ ಮಾತ್ರ ಲೇಥಿನ ಕಡೆ ಬನ್ನಿ. ಪಿನ್ನಿನ ಸಂದಿಗೆ ನೈಲಾನ್ ಅಥವಾ ಡೆಲ್ರಿನ್ (ಒಂದು ಗಟ್ಟಿ ಪ್ಲಾಸ್ಟಿಕ್) ಬುಷ್ ಮಾಡಬಹುದು. ನೈಲಾನ್ ತೇವ ಹೀರಿ ಸ್ವಲ್ಪ ಊದುತ್ತದೆ. ಬೇಸಿಗೆಯಲ್ಲಿ ಅಳತೆ ಹಿಡಿದು ಟೈಟ್ ಮಾಡಿದರೆ ಮಳೆಗಾಲದಲ್ಲಿ ಗೇರ್ ಬಿಗಿಯುತ್ತದೆ. ಡೆಲ್ರಿನ್‌ಗೆ ಆ ತೊಂದರೆ ಕಡಿಮೆ. ಅಳತೆ ಸರಿಯಾಗಿದೆಯಾ ಅಂತ ನೋಡುವುದು ಸುಲಭ. ಪಿನ್ನನ್ನು ಬೆರಳಿನಿಂದ ಒತ್ತಿದರೆ ಒಳಗೆ ಹೋಗಬೇಕು, ಬಗ್ಗಿಸಿದರೆ ತಾನಾಗಿ ಜಾರಿ ಬೀಳಬಾರದು.

ಆದರೆ ಎಕ್ಸ್‌ಟೆನ್ಷನ್ ರಾಡಿಗೆ ರಬ್ಬರೇ ಬೇಕು. ಅದರ ಕೆಲಸವೇ ಎಂಜಿನ್ನಿನ ಅಲ್ಲಾಟ ಕುಡಿಯುವುದು. ಅಲ್ಲಿ ನೈಲಾನ್ ಹಾಕಿದರೆ ಎಂಜಿನ್ ವಾಲಿದಾಗಲೆಲ್ಲ ಬೋಲ್ಟಿನ ಮೇಲೆ ಭಾರ ಬೀಳುತ್ತದೆ. ನಿಮ್ಮದು ಗಟ್ಟಿಯಾಗಿದೆ ಅಂದಿರಿ, ಹರಿಯದಿದ್ದರೂ ಬದಲಾಯಿಸಿ.

ತೂತು ಉದ್ದ ಆಗಿದ್ದರೆ ಹೊಸ ರಾಡು ಅಥವಾ ಸ್ಲೀವ್. ತೂತನ್ನು ಗುಂಡಗೆ ದೊಡ್ಡದು ಮಾಡಿ, ಉಕ್ಕಿನ ಸ್ಲೀವ್ ಒತ್ತಿ ಕೂರಿಸಿ, ಒಳಗೆ ಮೂಲ ಅಳತೆಗೆ ತರುವುದು. ವೆಲ್ಡಿಂಗ್ ಮಾಡಿ ತುಂಬಿಸಿ ಕೈ ಡ್ರಿಲ್ಲಿನಿಂದ ಕೊರೆಯುವವರು ಇದ್ದಾರೆ, ಅದು ಬೇಡ. ತೂತಿನ ನಡು ಸ್ವಲ್ಪ ಸರಿದರೂ ಲಿವರ್ ಸೊಟ್ಟ ನಿಲ್ಲುತ್ತದೆ.

ಕೇಶ್ವಾಪುರ ಪದ್ಮಿನಿ

ಲೇಥಿನವರ ಮಾತಿಗೆ ಪೂರ್ತಿ ಒಪ್ಪಿಗೆ ಇಲ್ಲ. ಪದ್ಮಿನಿಗೆ ಬಿಡಿಭಾಗ ಸಿಗುವುದೇ ಕಷ್ಟ, ಲೋಹದ ಬುಷ್ ಹಾಕಿಸಿ ಚೆನ್ನಾಗಿ ಓಡಿಸುತ್ತಿದ್ದೇನೆ. ಬಾನೆಟ್ ಎತ್ತಿದರೆ ಸ್ಟೇರಿಂಗ್ ಕೊಳವೆಯ ಪಕ್ಕದ ಸಂದುಗಳು ಕೈಗೆ ಸಿಗುತ್ತವೆ, ಎಣ್ಣೆ ಹಾಕುವುದು ಸುಲಭ. ಸಾಲು ಆರಿಸುವ ಅಲ್ಲಾಟ ಬೇರೆ, ಗೇರ್ ಹಾಕುವ ಅಲ್ಲಾಟ ಬೇರೆ ಅನ್ನುವುದು ಹ್ಯಾಂಡ್ ಗೇರಿಗೂ ಹೌದು. ಸಾಲು ತಪ್ಪಿದರೆ ಒಂದು ಕಡೆ ನೋಡುತ್ತೇನೆ, ಗೇರ್ ಪೂರ್ತಿ ಕೂರದಿದ್ದರೆ ಇನ್ನೊಂದು ಕಡೆ.

ಗದಗ ಲೇಥ್

ಒಪ್ಪಿದೆ ಕಾಕಾ. ಎಣ್ಣೆ ಹಾಕುವವರ ಕೈಯಲ್ಲಿ ಲೋಹ ಚೆನ್ನಾಗಿಯೇ ಬಾಳುತ್ತದೆ, ಮೇಲೆ ಸಿಗುವ ಸಂದಾದರೆ ಇನ್ನೂ ಒಳ್ಳೆಯದು. ನಾನು ಹೇಳಿದ್ದು ನೆಲದ ಕೆಳಗಿನ ಸಂದಿಗೆ.

ಸಪ್ತಾಪುರ ಟೀಚರ್

ಬಿಡಿಭಾಗದ ಬಗ್ಗೆ: 800 ತಯಾರಿಕೆ ನಿಂತದ್ದು 2014ರ ಜನವರಿಯಲ್ಲಿ. 1983ರಿಂದ ಅಷ್ಟು ವರ್ಷ ಮಾಡಿದ ಗಾಡಿಯಾದ್ದರಿಂದ ಬುಷ್ಷಿನಂಥ ಸಣ್ಣ ಸಾಮಾನು ಇನ್ನೂ ಸಿಗುತ್ತದೆ. ಹಳೆಯ ಬುಷ್, ಪಿನ್ ಎರಡನ್ನೂ ಕಾಗದದಲ್ಲಿ ಕಟ್ಟಿಕೊಂಡು ಅಂಗಡಿಗೆ ಹೋಗಿ, ಪಕ್ಕದಲ್ಲಿಟ್ಟು ಅಳತೆ ನೋಡಿಯೇ ದುಡ್ಡು ಕೊಡಿ. ಅಂಗಡಿಯಲ್ಲಿ ಓಮ್ನಿಯದೂ ಇದೇ ಅಂತ ಕೊಟ್ಟರೆ ತಗೋಬೇಡಿ. ಎಂಜಿನ್ ಅದೇ 796 ಸಿಸಿ ಇರಬಹುದು, ಆದರೆ ಓಮ್ನಿ ಹಿಂದಿನ ಗಾಲಿಗೆ ಎಳೆಯುವ ಗಾಡಿ, ಗೇರ್ ರಾಡಿನ ದಾರಿಯೇ ಬೇರೆ.

ಗೋಕುಲ ರೋಡ್ ಮಿಸ್ತ್ರಿ

ಕೂರಿಸುವಾಗ ಒಂದೆರಡು ಮಾತು ನೆನಪಿರಲಿ. ನೈಲಾನ್, ಪ್ಲಾಸ್ಟಿಕ್ ಭಾಗಕ್ಕೆ ಸಾದಾ ಲಿಥಿಯಂ ಗ್ರೀಸ್ ನಡೆಯುತ್ತದೆ. ರಬ್ಬರ್ ಬುಷ್‌ಗೆ ಅದನ್ನು ಹಚ್ಚಬೇಡಿ, ರಬ್ಬರ್ ಊದಿ ಮೆತ್ತಗಾಗುತ್ತದೆ. ಒಳಗೆ ತಳ್ಳಲು ಸೋಪಿನ ನೀರು ಸಾಕು, ಇಲ್ಲವೇ ಸಿಲಿಕಾನ್ ಗ್ರೀಸ್. ಎಕ್ಸ್‌ಟೆನ್ಷನ್ ರಾಡಿನ ಬೋಲ್ಟನ್ನು ಗಾಡಿ ಎತ್ತಿದಾಗ ಪೂರ್ತಿ ಬಿಗಿಯಬೇಡಿ. ಗಾಲಿಗಳ ಮೇಲೆ ನಿಂತು ಎಂಜಿನ್ ತನ್ನ ಜಾಗದಲ್ಲಿ ಕೂತ ಮೇಲೆ ಕೊನೆಯ ಬಿಗಿತ ಕೊಡಿ. ಇಲ್ಲದಿದ್ದರೆ ರಬ್ಬರ್ ತಿರುಚಿಕೊಂಡೇ ಇರುತ್ತದೆ.

ಎಲ್ಲ ಕೂರಿಸಿದ ಮೇಲೆ ನ್ಯೂಟ್ರಲ್‌ನಲ್ಲಿ ಲಿವರ್ ನೆಟ್ಟಗೆ ನಿಲ್ಲುತ್ತದಾ ನೋಡಿ. ಒಂದು ಕಡೆಗೆ ವಾಲಿದ್ದರೆ ಬುಡದ ಗೈಡ್ ಪ್ಲೇಟಿನ ಬೋಲ್ಟ್ ಸಡಿಲಿಸಿ, ಲಿವರ್ ನಡುವೆ ಬರುವ ಹಾಗೆ ಸರಿಸಿ ಬಿಗಿಯಿರಿ.

ಉಣಕಲ್ 800

ಕೆಲಸ ಮುಗಿಯಿತು! ಬುಷ್, ಪಿನ್, ಲಿವರ್ ಸೀಟು, ಎಕ್ಸ್‌ಟೆನ್ಷನ್ ರಾಡಿನ ರಬ್ಬರ್ ಎಲ್ಲ ಹುಬ್ಬಳ್ಳಿಯಲ್ಲೇ ಸಿಕ್ಕಿತು. ರಾಡಿಗೆ ಲೇಥ್‌ನಲ್ಲಿ ಸ್ಲೀವ್ ಹಾಕಿಸಿದೆವು. ಎಲ್ಲ ಸೇರಿ ಆದ ಖರ್ಚು ಬಾಕ್ಸ್ ಇಳಿಸಲು ಹೇಳಿದ್ದರ ಸಣ್ಣ ಪಾಲು ಅಷ್ಟೇ.

ಈಗ ಲಿವರ್ ನಡುವೆ ನಿಲ್ಲುತ್ತದೆ. ಎಡಕ್ಕೆ ಒತ್ತಿ ಬಿಟ್ಟರೆ ತಾನೇ ನಡುವಿಗೆ ಬರುತ್ತದೆ. ಇದು ಹೀಗೆ ಬರಬೇಕು ಅನ್ನುವುದೇ ನಮಗೆ ಮರೆತುಹೋಗಿತ್ತು. ನೃಪತುಂಗ ಬೆಟ್ಟದ ಏರಿನಲ್ಲಿ ನಿಲ್ಲಿಸಿ ನಿಲ್ಲಿಸಿ ಒಂದನೇದರಲ್ಲಿ ಎತ್ತಿದೆವು, ಒಂದು ಸಲವೂ ಮೂರನೇದು ಬೀಳಲಿಲ್ಲ. ಇಳಿಯುವಾಗ ಆಕ್ಸಿಲರೇಟರ್ ಬಿಟ್ಟರೂ ಯಾವ ಗೇರೂ ಹಾರಲಿಲ್ಲ. ಜರ್ ಶಬ್ದ ಪೂರ್ತಿ ಹೋಗಿದೆ. ಅಪ್ಪನಿಗೆ ಆದ ಖುಷಿ ನೋಡಿ ನನಗೆ ತುಂಬಾ ಸಂತೋಷವಾಯಿತು.

ಒಂದು ಉಳಿದಿದೆ. ಬೆಳಗ್ಗೆ ತಣ್ಣಗಿರುವಾಗ ಎರಡನೇ ಗೇರಿಗೆ ಸಣ್ಣಗೆ ಕರ್ ಅನ್ನುತ್ತದೆ. ಸ್ವಲ್ಪ ದೂರ ಓಡಿದ ಮೇಲೆ ಇಲ್ಲ.

ಗೋಕುಲ ರೋಡ್ ಮಿಸ್ತ್ರಿ

ಬಹಳ ಖುಷಿಯಾಯಿತು. ಎರಡನೇದರದ್ದು ಒಳಗಿನ ಸಿಂಕ್ರೊ ಸವೆತ. ಗಾಡಿಯ ವಯಸ್ಸಿಗೆ ಇದು ಸಹಜ, ಇದಕ್ಕಾಗಿ ಈಗಲೇ ಬಾಕ್ಸ್ ಬಿಚ್ಚುವುದು ಬೇಡ. ಗೇರ್ ಆಯಿಲ್ ಬದಲಾಯಿಸಿ ಬಹಳ ದಿನ ಆಗಿದ್ದರೆ ಬದಲಾಯಿಸಿ. ಡಬ್ಬದ ಮೇಲೆ ಜಿಎಲ್-4 ಅಂತ ಇರುವುದನ್ನೇ ತಗೊಳ್ಳಿ. ಜಾಸ್ತಿ ಒಳ್ಳೆಯದು ಅಂತ ಜಿಎಲ್-5 ಕೊಡುವವರಿದ್ದಾರೆ. ಅದರಲ್ಲಿ ಗಂಧಕದ ಅಂಶ ಜಾಸ್ತಿ, ಸಿಂಕ್ರೊದ ಹಿತ್ತಾಳೆಗೆ ಒಳ್ಳೆಯದಲ್ಲ. ಹಳೆ ಆಯಿಲ್ ಬಿಸಿ ಇದ್ದಾಗ ಇಳಿಸಿ, ಹೊಸದನ್ನು ಲೆವೆಲ್ ತೂತಿನ ಅಂಚಿಗೆ ಬರುವವರೆಗೆ ತುಂಬಿ. ಇಳಿದ ಆಯಿಲ್ಲಿನಲ್ಲಿ ಹಿತ್ತಾಳೆ ಬಣ್ಣದ ಮಿನುಗು ಕಂಡರೆ ಸಿಂಕ್ರೊ ಅಂತ ಖಾತ್ರಿ. ದಪ್ಪ ಕಬ್ಬಿಣದ ಚೂರು ಬಂದರೆ ಮಾತ್ರ ನನಗೆ ತಿಳಿಸಿ.

ಬೆಳಗ್ಗೆ ಮೊದಲ ಒಂದೆರಡು ಕಿಲೋಮೀಟರ್ ಎರಡನೇದಕ್ಕೆ ಹಾಕುವಾಗ ನ್ಯೂಟ್ರಲ್‌ನಲ್ಲಿ ಅರೆಕ್ಷಣ ನಿಲ್ಲಿಸಿ ಹಾಕಲಿ ಅಂತ ಅಪ್ಪನವರಿಗೆ ಹೇಳಿ. ಓಡಿಸುವಾಗ ಲಿವರ್ ಮೇಲೆ ಕೈ ಇಟ್ಟುಕೊಂಡೇ ಇರುವ ಅಭ್ಯಾಸ ಇದ್ದರೆ ಬಿಡಲಿ. ಆ ಭಾರ ರಾಡು ದಾಟಿ ಬಾಕ್ಸಿನೊಳಗೆ ಗೇರ್ ಸರಿಸುವ ಫೋರ್ಕಿಗೆ ಹೋಗುತ್ತದೆ, ಅದು ತಿರುಗುವ ಚಕ್ರಕ್ಕೆ ಉಜ್ಜಿ ಸವೆಯುತ್ತದೆ.

ಹಾವೇರಿ ಹೊಸಬ

ಪೂರ್ತಿ ಓದಿದೆ, ತುಂಬಾ ಉಪಯೋಗ ಆಯಿತು. ನನ್ನದು 5 ಗೇರಿನ ಎಂಪಿಎಫ್‌ಐ (ಕಾರ್ಬ್ಯುರೇಟರ್ ಬದಲು ಇಂಜೆಕ್ಷನ್ ಇರುವ) 800, ಸೆಕೆಂಡ್ ಹ್ಯಾಂಡ್ ತಗೊಂಡೆ. ಇದೇ ಕಿಟ್ ಆಗುತ್ತದಾ? ನಮ್ಮ ಮಾಮಾನ ಹೊಸ ಕಾರಿಗೂ ಗೇರ್ ಸಡಿಲ ಇದೆ, ಅದಕ್ಕೂ ಹೀಗೇ ನೋಡಬಹುದಾ?

ಗೋಕುಲ ರೋಡ್ ಮಿಸ್ತ್ರಿ

ತಮ್ಮಾ, ನಿನ್ನ 800ಕ್ಕೆ ಪರೀಕ್ಷೆ ಎಲ್ಲ ಇದೇ. ಕಿಟ್ ಮಾತ್ರ ಗಾಡಿಯ ಚಾಸಿ ನಂಬರ್, ವರ್ಷ ಹೇಳಿ ಕೇಳು, ಹಳೆಯ ಬುಷ್ ಜೊತೆಗೆ ಒಯ್ಯಿ. ಮಾಮಾನ ಕಾರಿನಲ್ಲಿ ರಾಡಿನ ಬದಲು ಕೇಬಲ್ ಇರಬಹುದು, ಈಗಿನ ಗಾಡಿಗಳು ಬಹಳಷ್ಟು ಹಾಗೇ. ಅದರಲ್ಲಿ ಎರಡು ಕೇಬಲ್ ಇರುತ್ತವೆ, ಒಂದು ಸಾಲು ಆರಿಸಲು, ಒಂದು ಗೇರ್ ಹಾಕಲು. ಬಾಕ್ಸ್ ಕಡೆಯ ತುದಿಯಲ್ಲಿ ಗುಂಡಿನ ಮೇಲೆ ಕೂರುವ ಪ್ಲಾಸ್ಟಿಕ್ ಟೋಪಿ ಸವೆದು ಸಡಿಲ ಆಗುತ್ತದೆ. ಬಹಳ ಗಾಡಿಗಳಲ್ಲಿ ಬಾನೆಟ್ ತೆಗೆದರೆ ಮೇಲಿಂದಲೇ ಕಾಣುತ್ತದೆ, ಕೆಳಗೆ ಹೋಗುವುದು ಬೇಡ. ಎಂಜಿನ್ ಬಂದ್ ಇಟ್ಟು ಒಬ್ಬರು ಲಿವರ್ ಆಡಿಸಲಿ, ಯಾವ ಟೋಪಿ ಗುಂಡನ್ನು ಬಿಟ್ಟು ಅಲ್ಲಾಡುತ್ತದೆ ನೋಡಿ ತಿಳಿಸು.

ಉಣಕಲ್‌ನವರೇ, ಒಂದು ತಿಂಗಳು ಓಡಿಸಿದ ಮೇಲೆ ಸಂದಿನ ಬೋಲ್ಟಿಗೆ ಮತ್ತೊಮ್ಮೆ ಪಾನಾ ಹಾಕಿ ನೋಡಿ. ಹೊಸ ಬುಷ್ ಕೂತ ಮೇಲೆ ಸ್ವಲ್ಪ ಸಡಿಲ ಆಗಿರುತ್ತದೆ.